ನಲವತ್ತೊಂದನೇ ಅಭ್ಯರ್ಥಿ

ಪ್ಯಾರಿಸ್, ೧೧ ಸೆಪ್ಟೆಂಬರ್ ೧೯೯೫

ಪ್ರಿಯ ಲುಸೆಟ್,

ಬದುಕಿದ್ದೀಯಾ? ನಾನಂತೂ ಅರ್ಧ ಸತ್ತಿದ್ದೇನೆ. ಕೊಲ್ಲುತ್ತಿರುವವಳ ಹೆಸರು ಸಬಿನ್, ವಯಸ್ಸು ಇಪ್ಪತ್ತೊಂಬತ್ತು, ನನ್ನ ಪ್ರಕಾಶಕರಲ್ಲಿ ಸಂಪಾದಕಿ. ಕೈಯಲ್ಲಿ ಸದಾ ಒಂದು ಕೆಂಪು ಪೆನ್ಸಿಲ್ ಇರುತ್ತದೆ. ನನ್ನ ಆತ್ಮಕಥೆ ಬರುವ ಫೆಬ್ರವರಿಯಲ್ಲಿ ಅಂಗಡಿಗೆ ಬರಬೇಕಂತೆ. ‘ಗಂಟಲು ಮತ್ತು ನಾನು’ ಎಂದು ಹೆಸರಿಟ್ಟಿದ್ದೇನೆ. ಲ ಹಾವ್ರ್‌ನ ಬಡ ಅಗಸಗಿತ್ತಿಯ ಮಗ, ನೆಲಮಾಳಿಗೆಯ ಪಾನಗೃಹಗಳ ಹೊಗೆಯಲ್ಲಿ ಹಾಡಿ ಮೇಲೆ ಬಂದವನು, ಇನ್ನೂರು ಹಾಡು, ಮೂರು ಕಾದಂಬರಿ, ಇಬ್ಬರು ಹೆಂಡತಿಯರು, ಕೊನೆಗೆ ಕೈಕೊಟ್ಟ ಗಂಟಲು, ಎಲ್ಲವೂ ಇದೆ. ಸರಿಯಾದ ದಿನಾಂಕಗಳು ಮಾತ್ರ ಇಲ್ಲ.

"ಮಸ್ಯೂ ಲೆಮೊನ್ಯೆ, ಅರವತ್ತೊಂದರ ಮೇ ಮೂರನೇ ತಾರೀಕು ನೀವು ಲಿಯಾನಲ್ಲೂ ಹಾಡಿದೀರಿ, ಬ್ರಸೆಲ್ಸ್‌ನಲ್ಲೂ ಹಾಡಿದೀರಿ. ಅದು ಹ್ಯಾಗೆ?" ಎಂದು ಕೇಳುತ್ತಾಳೆ. "ಆಗ ನಾನು ಬಲು ಚುರುಕಾಗಿದ್ದೆ ಕಣಮ್ಮಾ" ಎಂದೆ. ಅವಳು ನಗಲಿಲ್ಲ. ಈ ಕಾಲದ ಹುಡುಗಿಯರಿಗೆ ನಗುವುದನ್ನು ಯಾರೂ ಕಲಿಸುವುದಿಲ್ಲವೋ ಏನೋ.

ಇಪ್ಪತ್ತೆರಡು ವರ್ಷ ನನ್ನ ಪಕ್ಕದಲ್ಲಿ ಕೂತು ಪಿಯಾನೊ ನುಡಿಸಿದವಳು ನೀನು. ಯಾವ ಊರಿನ ಪಿಯಾನೊದಲ್ಲಿ ಯಾವ ಸ್ವರ ಕೆಟ್ಟಿತ್ತು ಎಂಬುದೂ ನಿನಗೆ ಗೊತ್ತು. ಮೊದಲ ಹತ್ತು ಅಧ್ಯಾಯ ಕಳಿಸುತ್ತಿದ್ದೇನೆ. ಓದಿ ದಿನಾಂಕ ತಿದ್ದು. ದಿನಾಂಕ ಮಾತ್ರ. ಏಳನೆಯ ಅಧ್ಯಾಯಕ್ಕೆ ಬಂದಾಗ ಕರವಸ್ತ್ರ ಪಕ್ಕದಲ್ಲಿಟ್ಟುಕೋ. ‘ಉಪ್ಪು ತರಲು ಹೋದವಳು’ ಹಾಡಿನ ರಾಗ ರೈಲಿನಲ್ಲಿ ನನಗೆ ಹೊಳೆದ ಕಥೆ ಅಲ್ಲಿದೆ. ಕಲ್ಲಿನಂಥ ಸಬಿನ್ ಕೂಡ ಅದನ್ನು ಓದಿ ಅತ್ತಳಂತೆ.

ನಿನ್ನ
ಗಾಸ್ಪಾರ್


ಫಿಜಾಕ್, ೧೯ ಸೆಪ್ಟೆಂಬರ್ ೧೯೯೫

ಪ್ರಿಯ ಗಾಸ್ಪಾರ್,

ಬದುಕಿದ್ದೇನೆ. ಹನ್ನೊಂದು ವರ್ಷದಿಂದ ಹೊಸ ವರ್ಷದ ಕಾರ್ಡು ಬಿಟ್ಟರೆ ಬೇರೇನೂ ಬರೆಯದವನಿಗೆ ಈ ಅನುಮಾನ ಬರುವುದು ಸಹಜವೇ. ಇಲ್ಲಿ ಅಕ್ರೋಟು ಸುಲಿಯುವ ಕಾಲ, ನನ್ನ ಹತ್ತೂ ಬೆರಳು ಕಪ್ಪಾಗಿವೆ. ಹಾಳೆಗಳ ಮೇಲೆ ಕಪ್ಪು ಗುರುತು ಕಂಡರೆ ನಿನ್ನ ಸಬಿನ್ ಗಾಬರಿಯಾಗುವುದು ಬೇಡ.

ದಿನಾಂಕ ಮಾತ್ರ ತಿದ್ದು ಎಂದೆ. ತಿದ್ದಿದ್ದೇನೆ, ಒಟ್ಟು ಅರವತ್ತಮೂರು. ಆದರೆ ಕೆಲವನ್ನು ಓದಿ ಸುಮ್ಮನಿರಲು ನನ್ನಿಂದಾಗಲಿಲ್ಲ. ನಿನ್ನ ತಾಯಿ ಬಡ ಅಗಸಗಿತ್ತಿ ಅಲ್ಲ ಗಾಸ್ಪಾರ್, ಲಾಂಡ್ರಿಯ ಒಡತಿ. ಕೈಕೆಳಗೆ ಆರು ಜನ ಹೆಂಗಸರಿದ್ದರು. ಆಕೆಯ ಶವಸಂಸ್ಕಾರಕ್ಕೆ ನಾನು ಬಂದಿದ್ದೆ, ಆ ಆರೂ ಜನ ನನ್ನ ಹಿಂದಿನ ಸಾಲಿನಲ್ಲೇ ಕೂತಿದ್ದರು. ಲಿಯಾನಲ್ಲಿ ಆ ದಿನ ನೀನು ಹಾಡಲೇ ಇಲ್ಲ. ಪಿಯಾನೊ ಮೆಟ್ಟಿಲು ಹತ್ತಲಿಲ್ಲವೆಂದು ಕಾರ್ಯಕ್ರಮ ರದ್ದಾಗಿತ್ತು. ನಿನ್ನ ಮೊದಲ ಹೆಂಡತಿ ನಿನ್ನನ್ನು ಬಿಟ್ಟು ಹೋದದ್ದು ‘ಕಲೆಗೆ ತೆತ್ತ ಬೆಲೆ’ಯೂ ಅಲ್ಲ. ಸ್ನಾನದ ತೊಟ್ಟಿಯಲ್ಲಿ ನೀನು ಹಾವುಮೀನು ಸಾಕಿದ್ದೆ, ಅದಕ್ಕೆ ಹೋದಳು.

ಏಳನೆಯ ಅಧ್ಯಾಯವನ್ನೂ ಓದಿದೆ. ಕರವಸ್ತ್ರ ಬೇಕಾಗಲಿಲ್ಲ. ಒಂದೇ ಪ್ರಶ್ನೆ ಇದೆ. ಜನವರಿ ತಿಂಗಳಲ್ಲಿ ರೈಲಿನ ಕಿಟಕಿಯಾಚೆ ಸೂರ್ಯಕಾಂತಿ ಹೊಲಗಳು ಎಲ್ಲಿಂದ ಬಂದವು? ಮಿಕ್ಕದ್ದನ್ನು ನೀನೇ ಇನ್ನೊಮ್ಮೆ ಓದು. ನಿಧಾನವಾಗಿ, ಒಬ್ಬನೇ ಕೂತು ಓದು. ಆಮೇಲೆ ಬರಿ.

ಲುಸೆಟ್


ಪ್ಯಾರಿಸ್, ೨೮ ಸೆಪ್ಟೆಂಬರ್ ೧೯೯೫

ಪ್ರಿಯ ಲುಸೆಟ್,

ದಿನಾಂಕ ಕೇಳಿದರೆ ನಮ್ಮಮ್ಮನಿಗೆ ಲಾಂಡ್ರಿ ಕೊಡಿಸಿದೆಯಲ್ಲೇ! ಬಡತನವಿಲ್ಲದ ಆತ್ಮಕಥೆಯನ್ನು ಯಾರು ಓದುತ್ತಾರೆ? ಆರು ಹೆಂಗಸರಲ್ಲಿ ಐವರನ್ನು ತೆಗೆದುಹಾಕಿ ಒಬ್ಬಳನ್ನು ಉಳಿಸಿಕೊಂಡಿದ್ದೇನೆ, ಅದೂ ನಿನ್ನ ಸಮಾಧಾನಕ್ಕೆ. ಹಾವುಮೀನನ್ನು ಮಾತ್ರ ಸೇರಿಸುವುದಿಲ್ಲ.

ಸೂರ್ಯಕಾಂತಿಯ ವಿಷಯದಲ್ಲಿ ನೀನು ಹೇಳಿದ್ದು ಸರಿ. ಸಬಿನ್‌ಗೆ ಹೇಳಿದೆ. "ಸೂರ್ಯಕಾಂತಿ ಇರ್ಲಿ ಬಿಡಿ, ಅದು ಚೆನ್ನಾಗಿದೆ. ತಿಂಗಳನ್ನೇ ಜುಲೈ ಮಾಡ್ಬಿಡೋಣ" ಎಂದಳು. ಮಾಡಿಬಿಟ್ಟೆವು. ನೋಡು, ಹೀಗೆ ಒಬ್ಬರಿಗೊಬ್ಬರು ಸಹಕರಿಸಿದರೆ ಕೆಲಸ ಎಷ್ಟು ಹಗುರ.

ಆ ಅಧ್ಯಾಯದ ಬಗ್ಗೆ ನೀನು ಬೇರೇನೂ ಬರೆಯಲಿಲ್ಲ. ಹಳೆಯದೆಲ್ಲ ನೆನಪಾಗಿ ಗಂಟಲು ಕಟ್ಟಿತೆಂದು ತೋರುತ್ತದೆ. ಪರವಾಗಿಲ್ಲ, ನನಗೂ ಹಾಗೇ ಆಯಿತು.

ನಿನ್ನ
ಗಾಸ್ಪಾರ್


ಫಿಜಾಕ್, ೬ ಅಕ್ಟೋಬರ್ ೧೯೯೫

ಗಾಸ್ಪಾರ್,

ಇನ್ನೊಮ್ಮೆ ಓದು ಎಂದರೆ ತಿಂಗಳು ಬದಲಾಯಿಸಿದೆ! ನಿನಗೆ ಸೂಕ್ಷ್ಮವಾಗಿ ಹೇಳುವುದೂ ಒಂದೇ, ಗೋಡೆಗೆ ಹಣೆ ಚಚ್ಚಿಕೊಳ್ಳುವುದೂ ಒಂದೇ. ನೇರವಾಗಿ ಬರೆಯುತ್ತೇನೆ.

ಅದು ೧೯೫೯ರ ಜನವರಿ. ತುಲೂಸ್‌ನಿಂದ ಪ್ಯಾರಿಸ್‌ಗೆ ಹೊರಟ ಬೆಳಗಿನ ರೈಲು. ಕಿಟಕಿಯ ತುಂಬ ಮಂಜು, ಹೊರಗೆ ಏನೂ ಕಾಣುತ್ತಿರಲಿಲ್ಲ. ಬ್ರೀವ್ ಬರುವ ಮೊದಲೇ ನೀನು ಬಾಯಿ ತೆರೆದು ಗೊರಕೆ ಹೊಡೆಯುತ್ತಿದ್ದೆ. ನಿನ್ನ ಪದ್ಯ ನನ್ನ ತೊಡೆಯ ಮೇಲಿತ್ತು. ಪದ್ಯ ನಿನ್ನದು, ಅದರಲ್ಲಿ ಒಂದಕ್ಷರವೂ ನನ್ನದಲ್ಲ. ಅಂಥದ್ದು ನಿನ್ನ ಕೈಯಿಂದ ಮತ್ತೆ ಬರಲೂ ಇಲ್ಲ.

‘ಉಪ್ಪು ತರಲು ಹೋದವಳು ಚಿಲಕ ಹಾಕಿ ಹೋಗಲಿಲ್ಲ,
ಒಲೆಯ ಮೇಲೆ ಸಾರು ಇನ್ನೂ ಕುದಿಯುತ್ತಲೇ ಇದೆ.’

ನಾನು ಗುನುಗಿದೆ. ಅಪ್ಪ ತನ್ನ ಅಂಗಡಿಯಿಂದ ಕಟ್ಟಿಕೊಟ್ಟಿದ್ದ ಸಾಸೇಜಿನ ಕಾಗದ ಬಿಡಿಸಿ, ಅದರ ಹಿಂಬದಿಗೆ ಗೆರೆ ಎಳೆದು ಸ್ವರ ಬರೆದೆ. ಲಿಮೋಜ್ ಬರುವಷ್ಟರಲ್ಲಿ ರಾಗ ಮುಗಿದಿತ್ತು. ನೀನು ಎಚ್ಚರವಾಗಿ ಮೊದಲು ಕೇಳಿದ್ದು "ಸಾಸೇಜ್ ಎಲ್ಲೇ?" ಎಂದು. ಆಮೇಲೆ ನಾನು ಹಾಡಿ ತೋರಿಸಿದೆ. "ಚೆನ್ನಾಗಿದೆಯಲ್ಲೇ, ಯಾರದು?" "ನಂದು." "ಹೋಗೇ, ಸುಳ್ಳು ಹೇಳ್ಬೇಡ." ಇಷ್ಟೇ ನಿನ್ನ ರೈಲಿನ ಕಥೆ.

ಆಗ ರಾಗಕ್ಕೆ ಹಾಡು ಕಟ್ಟುವವರ ಸಂಘದಲ್ಲಿ ಹೆಸರು ಬರೆಸಬೇಕಾದರೆ ಅವರ ಪರೀಕ್ಷೆ ಪಾಸಾಗಿರಬೇಕಿತ್ತು. ಕೋಣೆಯಲ್ಲಿ ಕೂರಿಸಿ, ಮೊದಲೆರಡು ಆವರ್ತದ ಸ್ವರ ಕೊಟ್ಟು, ಮುಂದಿನದನ್ನು ನೀವು ಕಟ್ಟಿ ಎನ್ನುತ್ತಿದ್ದರು. ನೀನು ಎರಡನೇ ಸಲಕ್ಕೆ ಪಾಸಾಗಿದ್ದೆ. ನಾನು ಇನ್ನೂ ಬರೆದಿರಲಿಲ್ಲ. ಇಪ್ಪತ್ತೊಂದು ತುಂಬಿರಲಿಲ್ಲ, ಅಪ್ಪ ಒಪ್ಪಿಗೆಯ ಸಹಿ ಹಾಕಿರಲಿಲ್ಲ. "ಸದ್ಯಕ್ಕೆ ನನ್ನ ಹೆಸರಲ್ಲಿ ಹಾಕ್ತೀನಿ ಲುಸೆಟ್. ನೀನು ಪಾಸಾದ ದಿನ ಬದಲಾಯಿಸೋಣ" ಎಂದೆ. ಆ ಸದ್ಯಕ್ಕೆ ಮೂವತ್ತಾರು ವರ್ಷ ತುಂಬಿತು.

ನೀನು ರೇಡಿಯೊದಲ್ಲಿ ಹೇಳಿದಾಗ ಸುಮ್ಮನಿದ್ದೆ. ಟಿವಿಯಲ್ಲಿ ಕೈ ಆಡಿಸಿ ಹೇಳಿದಾಗಲೂ ಸುಮ್ಮನಿದ್ದೆ, ಮಾತು ಗಾಳಿಯಲ್ಲಿ ಹೋಗುತ್ತದೆ ಎಂದುಕೊಂಡು. ಪುಸ್ತಕ ಹಾಗಲ್ಲ. ಅದು ನಮ್ಮೂರ ಗ್ರಂಥಾಲಯಕ್ಕೂ ಬರುತ್ತದೆ, ನನ್ನ ಹತ್ತಿರ ಪಾಠಕ್ಕೆ ಬರುವ ಮಕ್ಕಳ ತಾಯಂದಿರು ಓದುತ್ತಾರೆ. ನನಗೆ ದುಡ್ಡು ಬೇಡ. ಒಂದು ವಾಕ್ಯ ಬೇಕು. ‘ಈ ರಾಗ ಲುಸೆಟ್ ಕೊಂಬರೆಲ್ ಅವರದು.’ ಏಳನೆಯ ಅಧ್ಯಾಯದಲ್ಲಿ ಎಲ್ಲಿ ಬೇಕಾದರೂ ಹಾಕು. ಬೇಕಿದ್ದರೆ ಸೂರ್ಯಕಾಂತಿಗಳ ನಡುವೆಯೇ ಹಾಕು.

ಲುಸೆಟ್


ಪ್ಯಾರಿಸ್, ೧೫ ಅಕ್ಟೋಬರ್ ೧೯೯೫

ಲುಸೆಟ್,

ನಿನ್ನ ಪತ್ರವನ್ನು ಮೂರು ಸಲ ಓದಿದೆ. ಒಂದು ಸಲ ನಕ್ಕೆ, ಒಂದು ಸಲ ಬೇಜಾರಾಯಿತು, ಮೂರನೇ ಸಲ ಸಿಟ್ಟು ಬಂತು. ಮೂವತ್ತಾರು ವರ್ಷ ಬಾಯಿ ಬಿಡದವಳಿಗೆ ಪುಸ್ತಕ ಅಚ್ಚಿಗೆ ಹೋಗುವ ಹೊತ್ತಿಗೇ ಜ್ಞಾನೋದಯವಾಯಿತೇ?

ನೀನು ಸಹಾಯ ಮಾಡಿದೆ, ಇಲ್ಲ ಎನ್ನುವುದಿಲ್ಲ. ನೀನು ಗುನುಗುತ್ತಿದ್ದೆ, ನಾನೂ ಗುನುಗುತ್ತಿದ್ದೆ, ಒಂದೇ ಬೋಗಿಯಲ್ಲಿ ಇಬ್ಬರೂ ಕೂತಿದ್ದೆವು. ಯಾರ ಬಾಯಿಂದ ಯಾವ ಸ್ವರ ಮೊದಲು ಬಂತೆಂದು ಈಗ ಯಾರು ಹೇಳಬಲ್ಲರು? ಕೊನೆಯ ಪುಟದ ಕೃತಜ್ಞತೆಯಲ್ಲಿ ‘ತಾಳ್ಮೆಯ ಲುಸೆಟ್‌ಗೆ’ ಎಂದು ಬರೆದಿದ್ದೇನೆ. ಆ ‘ತಾಳ್ಮೆ’ಯನ್ನು ತೆಗೆಯಬೇಕೋ ಏನೋ.

ಸಬಿನ್‌ಗೆ ವಿಷಯ ಹೇಳಿದೆ. ಅವಳು ಪೆನ್ಸಿಲ್ ಕೆಳಗಿಟ್ಟು, "ಅವರ ಹತ್ರ ಪುರಾವೆ ಇದ್ಯಾ?" ಎಂದು ಕೇಳಿದಳು. ಇದ್ದರೆ ಕಳಿಸು. ಆ ಸಾಸೇಜಿನ ಕಾಗದ ಇದೆಯಾ? ಇನ್ನೊಂದು ಮಾತು ಹೇಳಬಾರದೆಂದಿದ್ದೆ, ಹೇಳಿಸುತ್ತಿದ್ದೀಯ. ಆ ವರ್ಷವೇ ನೀನು ಪರೀಕ್ಷೆ ಬರೆದೆ, ಸ್ವರಜೋಡಣೆ ಬಾರದೆ ಫೇಲಾದೆ. ನೀನೇ ಬಂದು ಹಾಗೆಂದು ಹೇಳಿದ್ದೆ. ಪರೀಕ್ಷೆಯಲ್ಲಿ ಫೇಲಾದವಳು ಅಂಥ ರಾಗ ಕಟ್ಟಿದಳೆಂದು ಬರೆದರೆ ಓದಿದವರು ನನ್ನನ್ನೇ ನೋಡಿ ನಗುತ್ತಾರೆ.

ಗಾಸ್ಪಾರ್


ಫಿಜಾಕ್, ೨೨ ಅಕ್ಟೋಬರ್ ೧೯೯೫

ಮಾನ್ಯ ಲೆಮೊನ್ಯೆಯವರೇ,

ನಿಮ್ಮ ಪತ್ರ ತಲುಪಿದೆ. ಸಾಸೇಜಿನ ಕಾಗದ ನನ್ನ ಬಳಿ ಇಲ್ಲ. ಅದನ್ನು ನಿಮಗೇ ಕೊಟ್ಟಿದ್ದೆ. ಸಂಘಕ್ಕೆ ಸಲ್ಲಿಸಲು ನೀವೇ ಅದನ್ನು ನಿಮ್ಮ ಕೋಳಿ ಕೆದರಿದ ಅಕ್ಷರದಲ್ಲಿ ನಕಲು ಮಾಡಿದಿರಿ. ಆಮೇಲೆ ಅದೇನಾಯಿತೆಂದು ನನಗೆ ಗೊತ್ತಿಲ್ಲ.

ಬೇರೆ ಪುರಾವೆ ನನ್ನಲ್ಲಿಲ್ಲ. ಕೃತಜ್ಞತೆಯ ಪುಟದಿಂದ ‘ತಾಳ್ಮೆಯ’ ಎಂಬುದನ್ನು ತೆಗೆಯಿರಿ. ‘ಲುಸೆಟ್’ ಎಂಬುದನ್ನೂ ತೆಗೆಯಿರಿ.

ಲುಸೆಟ್ ಕೊಂಬರೆಲ್


ಪ್ಯಾರಿಸ್, ೧೨ ನವೆಂಬರ್ ೧೯೯೫

ಲುಸೆಟ್,

‘ನೀವು’ ಎಂದರೆ ಹೆದರಿಬಿಡುತ್ತೇನೆ ಎಂದುಕೊಂಡೆಯಾ? ನನ್ನ ಎರಡನೇ ಹೆಂಡತಿಯೂ ವಿಚ್ಛೇದನದ ವಾರ ‘ನೀವು’ ಎನ್ನುತ್ತಿದ್ದಳು. ಅಭ್ಯಾಸವಾಗಿದೆ.

ಜಗಳ ಬೇರೆ, ದಿನಾಂಕ ಬೇರೆ. ಹನ್ನೊಂದನೆಯ ಅಧ್ಯಾಯ ರಿಜಿಸ್ಟರ್ ಅಂಚೆಯಲ್ಲಿ ಕಳಿಸುತ್ತಿದ್ದೇನೆ. ಸಬಿನ್ ಡಿಸೆಂಬರ್ ಹದಿನೈದಕ್ಕೆ ಅಚ್ಚಿಗೆ ಕೊಡಬೇಕು ಎಂದು ಕೂತಿದ್ದಾಳೆ, ನಿನ್ನ ತಿದ್ದುಪಡಿ ಇಲ್ಲದೆ ಕೊಡುವುದಿಲ್ಲ ಎಂದೂ ಹಟ ಹಿಡಿದಿದ್ದಾಳೆ. ನನ್ನ ನೆನಪಿಗಿಂತ ನಿನ್ನ ಕಪ್ಪು ಬೆರಳಿನ ಮೇಲೆ ಅವಳಿಗೆ ನಂಬಿಕೆ. ಇದಕ್ಕಿಂತ ಅವಮಾನ ಬೇಕೇ?

ಈ ಅಧ್ಯಾಯ ತಮಾಷೆಯಾಗಿದೆ, ಓದಿದರೆ ನಿನ್ನ ಮುಖ ಸಡಿಲವಾದೀತು. ಸಂಘದ ಪರೀಕ್ಷೆಯಲ್ಲಿ ಸಿಕ್ಕಿಬಿದ್ದ ರಾಗಗಳ್ಳನ ಪ್ರಸಂಗ ಇದೆ. ನಿನಗೆ ಇದನ್ನು ಹೇಳಿರಲಿಲ್ಲ. ನೀನು ಆಗಷ್ಟೇ ಫೇಲಾಗಿ ಮುಖ ಊದಿಸಿಕೊಂಡಿದ್ದೆ, ಪರೀಕ್ಷೆಯ ಮಾತೆತ್ತಿ ನೋಯಿಸಬಾರದೆಂದು ಸುಮ್ಮನಾದೆ. ನೋಡು, ನಾನೂ ತಾಳ್ಮೆಯವನೇ.

ಗಾಸ್ಪಾರ್


ಪ್ಯಾರಿಸ್, ೮ ಡಿಸೆಂಬರ್ ೧೯೯೫

ಲುಸೆಟ್,

ಹಾಳು ಮುಷ್ಕರ! ರೈಲಿಲ್ಲ, ಮೆಟ್ರೊ ಇಲ್ಲ, ಅಂಚೆಯೂ ಇಲ್ಲ. ಅರವತ್ತೈದರ ಮುದುಕ ನಾನು ದಿನಾ ನದಿ ದಾಟಿ ನಡೆದು ಪ್ರಕಾಶಕರ ಕಚೇರಿಗೆ ಹೋಗಿ ಸಬಿನ್ ಕೈಲಿ ಬೈಸಿಕೊಂಡು ನಡೆದು ವಾಪಸು ಬರುತ್ತಿದ್ದೇನೆ. ನೀನು ಉತ್ತರ ಬರೆದು ಮೂರು ವಾರವಾಗಿರಬೇಕು, ಅದು ಯಾವುದೋ ಚೀಲದಲ್ಲಿ ಬಿದ್ದಿರುತ್ತದೆ. ಅದಕ್ಕೇ ಇದನ್ನು ನಿಮ್ಮ ಕಡೆಯಿಂದ ಇಲ್ಲಿನ ಮಾರುಕಟ್ಟೆಗೆ ಅಕ್ರೋಟು ತರುವ ಲಾರಿಯವನ ಕೈಲಿ ಕಳಿಸುತ್ತಿದ್ದೇನೆ. ಉತ್ತರವನ್ನು ಅವನ ಕೈಗೇ ಕೊಡು.

ಫೋನ್ ಏಕೆ ಎತ್ತುತ್ತಿಲ್ಲ? ಫೋನಿನವರೂ ಮುಷ್ಕರ ಹೂಡಿದ್ದಾರೆಂದು ಹೇಳಬೇಡ, ಗಂಟೆ ಬಾರಿಸುವುದು ನನಗೆ ಕೇಳುತ್ತದೆ.

ಗಾಸ್ಪಾರ್


ಪ್ಯಾರಿಸ್, ೨೧ ಡಿಸೆಂಬರ್ ೧೯೯೫

ಲುಸೆಟ್,

ರೈಲು ಓಡುತ್ತಿದೆ. ಅಂಚೆ ಬರುತ್ತಿದೆ. ಈ ಬೆಳಿಗ್ಗೆ ನನಗೆ ಹದಿನೇಳು ಪತ್ರ ಬಂದವು, ಅದರಲ್ಲಿ ಎರಡು ಗ್ಯಾಸ್ ಕಂಪನಿಯವು. ನಿನ್ನದು ಒಂದೂ ಇಲ್ಲ. ಲಾರಿಯವನು, "ಕೊಟ್ಟೆ ಸಾರ್, ಕಾಫಿ ಕೊಟ್ರು, ಕಾಗದ ಕೊಡ್ಲಿಲ್ಲ" ಎನ್ನುತ್ತಾನೆ.

ಅಚ್ಚು ಜನವರಿಗೆ ಹೋಯಿತು. ನಿನ್ನಿಂದ. ಹುಷಾರಿದ್ದೀಯಾ? ಬೈಯುವುದಿದ್ದರೂ ಬೈದು ಬರಿ. ಈ ಮೌನ ನನಗೆ ಒಗ್ಗುವುದಿಲ್ಲ ಎಂದು ನಿನಗೆ ಗೊತ್ತು.

ಗಾಸ್ಪಾರ್


ಫಿಜಾಕ್, ೨೮ ಡಿಸೆಂಬರ್ ೧೯೯೫

ಗಾಸ್ಪಾರ್,

ಹುಷಾರಿದ್ದೇನೆ. ಮುಷ್ಕರಕ್ಕೂ ನನಗೂ ಸಂಬಂಧವಿಲ್ಲ. ಐದು ವಾರದಿಂದ ನಿನ್ನ ಹನ್ನೊಂದನೆಯ ಅಧ್ಯಾಯ ನನ್ನ ಪಿಯಾನೊದ ಮೇಲಿದೆ. ದಿನಾ ಪಾಠಕ್ಕೆ ಮುಂಚೆ ಎತ್ತಿ ಬೀರುವಿನಲ್ಲಿಡುತ್ತೇನೆ, ಪಾಠ ಮುಗಿದ ಮೇಲೆ ಮತ್ತೆ ತೆಗೆದು ಓದುತ್ತೇನೆ.

ನೀನು ಬರೆದದ್ದನ್ನೇ ಇಲ್ಲಿ ಇಳಿಸುತ್ತೇನೆ. ‘೧೯೫೯ರ ಮಾರ್ಚ್. ನಾನು ಲಿಮೋಜ್‌ನಲ್ಲಿ ಮಂಗನಬಾವು ಬಂದು ಕುಂಬಳಕಾಯಿಯಂಥ ಮುಖ ಹೊತ್ತು ಮಲಗಿದ್ದೆ. ಸಂಘದಿಂದ ಪತ್ರ ಬಂತು. ಮಾರ್ಚ್ ಹದಿನಾಲ್ಕರ ಪರೀಕ್ಷೆಯಲ್ಲಿ ನಲವತ್ತೊಂದನೇ ಅಭ್ಯರ್ಥಿ, ನಾನು ಮೂರು ವಾರದ ಹಿಂದಷ್ಟೇ ಸಲ್ಲಿಸಿದ್ದ ರಾಗವನ್ನೇ ಬರೆದಿಟ್ಟಿದ್ದಾನಂತೆ. ದೂರು ಕೊಡುತ್ತೀರಾ ಎಂದು ಕೇಳಿದ್ದರು. ನಾನು ಅದನ್ನು ಇನ್ನೂ ಎಲ್ಲಿಯೂ ಹಾಡಿರಲಿಲ್ಲ. ನಾನು ಮತ್ತು ನನ್ನ ಪಿಯಾನೊ ಹುಡುಗಿಯನ್ನು ಬಿಟ್ಟರೆ ಒಂದು ನರಪಿಳ್ಳೆಯೂ ಅದನ್ನು ಕೇಳಿರಲಿಲ್ಲ. ಹುಟ್ಟುವ ಮೊದಲೇ ಕಳುವಾದ ರಾಗ! ಹೊಟ್ಟೆಗಿಲ್ಲದ ಯಾವನೋ ಬಡಪಾಯಿ ಇರಬೇಕು, ಕ್ಷಮಿಸಿಬಿಡಿ ಎಂದು ಉತ್ತರ ಬರೆದೆ.’

ಮೊದಲು ದಿನಾಂಕ ತಿದ್ದುತ್ತೇನೆ, ಅದು ನನ್ನ ಕೆಲಸವಲ್ಲವೇ? ನಿನ್ನ ಏಳನೆಯ ಅಧ್ಯಾಯದಲ್ಲಿ ಜುಲೈ ತಿಂಗಳ ಸೂರ್ಯಕಾಂತಿಯ ನಡುವೆ ಹುಟ್ಟಿದ ರಾಗವನ್ನು ಹನ್ನೊಂದನೆಯದರಲ್ಲಿ ಅದೇ ವರ್ಷದ ಮಾರ್ಚ್‌ನಲ್ಲೇ ಕದ್ದಿದ್ದಾರೆ. ಸಬಿನ್ ಇದನ್ನು ಹೇಗೆ ಬಿಟ್ಟಳೋ.

ಇನ್ನು ಆ ಬಡಪಾಯಿಯ ವಿಷಯ. ಇಬ್ಬರಿಗೆ ಮಾತ್ರ ಗೊತ್ತಿದ್ದ ರಾಗ. ಅವರಲ್ಲಿ ಒಬ್ಬ ಲಿಮೋಜ್‌ನಲ್ಲಿ ಮಂಗನಬಾವು ಬಂದು ಮಲಗಿದ್ದ. ಇನ್ನೊಬ್ಬಳು ಆ ದಿನ ಎಲ್ಲಿದ್ದಳೆಂದು ಮೂವತ್ತಾರು ವರ್ಷದಲ್ಲಿ ನಿನಗೆ ಒಂದು ಸಲವೂ ಹೊಳೆಯಲಿಲ್ಲವೇ ಗಾಸ್ಪಾರ್? ಅವಳು ಪರೀಕ್ಷೆ ಬರೆದಳೆಂದು ನಿನಗೆ ಗೊತ್ತಿತ್ತು. ಕಳ್ಳ ಪರೀಕ್ಷೆ ಬರೆದನೆಂದೂ ಗೊತ್ತಿತ್ತು. ಎರಡನ್ನೂ ಪಕ್ಕಪಕ್ಕದಲ್ಲಿ ಇಟ್ಟು ನೋಡಲು ನಿನಗೆ ಪುರುಸೊತ್ತಾಗಲಿಲ್ಲ.

ನಲವತ್ತೊಂದನೇ ಅಭ್ಯರ್ಥಿ ನಾನು.

ಅಪ್ಪ ಕೊನೆಗೂ ಸಹಿ ಹಾಕಿದ್ದ. "ಪಿಯಾನೊ ಬಾರಿಸೋದು ಕೆಲಸ. ಹಾಡು ಕಟ್ಟೋದು ಸೋಮಾರಿತನ. ಒಂದೇ ಸಲ ಬಿಡ್ತೀನಿ ನೋಡು, ಆಗ್ಲಿಲ್ಲ ಅಂದ್ರೆ ಮತ್ತೆ ಕೇಳ್ಬಾರ್ದು" ಎಂದಿದ್ದ. ಆ ಕೋಣೆಯಲ್ಲಿ ಒಲೆ ಆರಿಹೋಗಿತ್ತು, ಬೆರಳು ಮರಗಟ್ಟಿದ್ದವು. ಅವರು ಕೊಟ್ಟ ಮೊದಲೆರಡು ಆವರ್ತ ನನ್ನ ರಾಗದ ಹಾಗೆಯೇ ಮೇಲೇರುತ್ತಿತ್ತು. ಮುಂದಿನದನ್ನು ಕೈ ತಾನೇ ಬರೆದುಕೊಂಡು ಹೋಯಿತು. ತಲೆಯಲ್ಲಿ ಎರಡು ತಿಂಗಳಿಂದ ಬೇರೆ ಏನೂ ಇರಲಿಲ್ಲ. ಏನು ಬರೆದೆ ಎಂದು ಗೊತ್ತಾಗುವಷ್ಟರಲ್ಲಿ ಗಂಟೆ ಬಾರಿಸಿತು, ಹಾಳೆ ಎಳೆದುಕೊಂಡರು.

ಹತ್ತು ದಿನ ಬಿಟ್ಟು ಕರೆಸಿದರು. ಮೂವರು ಗಂಡಸರು ಕೂತಿದ್ದರು. "ಇದು ಲೆಮೊನ್ಯೆಯವರ ರಾಗ. ನಿಮ್ಮ ಕೈಗೆ ಹೇಗೆ ಬಂತು?" ಎಂದರು. ನನ್ನದು ಎಂದಿದ್ದರೆ ಸುಳ್ಳು ಸಹಿ ಹಾಕಿದ್ದಕ್ಕೆ ನಿನ್ನನ್ನು ಸಂಘದಿಂದ ಆಚೆ ಹಾಕುತ್ತಿದ್ದರು. ಮಂಗನಬಾವಿನ ಮುಖ ನೆನಪಾಯಿತು. ಬಾಗಿಲ ಹಿಂದೆ ನಿಂತು ಕೇಳಿಸಿಕೊಂಡು ಕದ್ದೆ ಎಂದೆ. ಅವರಲ್ಲೊಬ್ಬ, "ಲೆಮೊನ್ಯೆ ದೊಡ್ಡ ಮನಸ್ಸು ಮಾಡಿ ಕ್ಷಮಿಸಿದಾರೆ, ಹೋಗಿ ಥ್ಯಾಂಕ್ಸ್ ಹೇಳಮ್ಮಾ" ಎಂದ. ಐದು ವರ್ಷ ಪರೀಕ್ಷೆಗೆ ಬರಬಾರದೆಂದರು. ನಿನಗೆ ಬಂದು ಸ್ವರಜೋಡಣೆ ತಪ್ಪಿತು ಎಂದೆ, ಅಪ್ಪನಿಗೂ ಅದನ್ನೇ ಹೇಳಿದೆ. ಅಪ್ಪ ಬೈಯಲಿಲ್ಲ. "ಹೋಗ್ಲಿ ಬಿಡು ಮಗಳೇ, ಅಷ್ಟು ದೊಡ್ಡ ಊರಲ್ಲಿ ನಿನಗಿಂತ ಚೆನ್ನಾಗಿ ಕಟ್ಟೋರು ಇದ್ದೇ ಇರ್ತಾರೆ" ಎಂದ. ಸಾಯುವವರೆಗೂ ಅವನು ಹಾಗೇ ತಿಳಿದಿದ್ದ. ನಾನು ಆಮೇಲೆ ಒಂದು ರಾಗವನ್ನೂ ಕಟ್ಟಲಿಲ್ಲ.

ಪುರಾವೆ ಕೇಳಿದೆಯಲ್ಲ? ನೀನೇ ಬರೆದು, ನೀನೇ ಟೈಪು ಮಾಡಿಸಿ, ರಿಜಿಸ್ಟರ್ ಅಂಚೆಯಲ್ಲಿ ನನ್ನ ಮನೆಗೆ ಕಳಿಸಿದ್ದೀಯ. ನನಗೆ ಸಾಕಾಗಿದೆ. ಏನು ಬೇಕಾದರೂ ಅಚ್ಚು ಹಾಕಿಸಿಕೋ.

ಲುಸೆಟ್


ಪ್ಯಾರಿಸ್, ೧೯ ಜನವರಿ ೧೯೯೬

ಲುಸೆಟ್,

ಮೂರು ವಾರ ತಡವಾಯಿತು. ಆರು ಸಲ ಬರೆದು ಹರಿದೆ. ಎಲ್ಲದರಲ್ಲೂ ನಾನು ಚೆನ್ನಾಗಿ ಕಾಣಿಸುತ್ತಿದ್ದೆ, ಅದಕ್ಕೇ ಹರಿದೆ.

ನನಗೆ ಗೊತ್ತಿತ್ತು. ರಾಗ ನಿನ್ನದೆಂದು ಆ ವರ್ಷ ಗೊತ್ತಿತ್ತು, ಮುಂದಿನ ವರ್ಷವೂ ಗೊತ್ತಿತ್ತು. ಮೊದಲ ಸಲ ರೇಡಿಯೊದವನು ಕೇಳಿದಾಗ ಇಡೀ ಕಥೆ ಹೇಳುವುದಕ್ಕಿಂತ ‘ನಾನು’ ಎನ್ನುವುದು ಸುಲಭವಾಗಿತ್ತು. ಎರಡನೇ ಸಲ ಇನ್ನೂ ಸುಲಭವಾಯಿತು. ಮೂರನೇ ಸಲಕ್ಕೆ ಸೂರ್ಯಕಾಂತಿ ಹೊಲಗಳೂ ನೆನಪಾದವು. ಆಮೇಲೆ ಅವು ನಿಜವಾಗಿಯೂ ಇದ್ದವು ಲುಸೆಟ್, ಬೇಕಾದರೆ ಈಗಲೂ ಕಣ್ಣು ಮುಚ್ಚಿದರೆ ಕಾಣುತ್ತವೆ. ಆದರೆ ನಲವತ್ತೊಂದು ನೀನು ಎಂದು ಗೊತ್ತಿರಲಿಲ್ಲ. ಆ ಕ್ಷಮೆಯನ್ನು ಎಷ್ಟು ಊಟದ ಮೇಜುಗಳಲ್ಲಿ ಹೇಳಿ ನಗಿಸಿದ್ದೇನೆ ಎಂದು ನೆನೆದರೆ ನನಗೆ ನನ್ನ ಮೇಲೇ ಅಸಹ್ಯವಾಗುತ್ತದೆ.

ಸಬಿನ್‌ಗೆ ಏಳನ್ನೂ ಹನ್ನೊಂದನ್ನೂ ವಾಪಸು ಕೊಡು ಎಂದೆ. "ಅಯ್ಯೋ, ರೈಲಿನ ಅಧ್ಯಾಯಾನೇ ಪುಸ್ತಕದ ಜೀವ!" ಎಂದು ಕೂಗಾಡಿದಳು. ನಿನ್ನ ಪತ್ರ ಓದಲು ಕೊಟ್ಟೆ. ಓದಿ ಮುಗಿಸಿ, ಪೆನ್ಸಿಲ್ ತೆಗೆದು ಏಳನೆಯ ಅಧ್ಯಾಯದ ಮೇಲೆ ಮೂಲೆಯಿಂದ ಮೂಲೆಗೆ ಗೆರೆ ಎಳೆದಳು. ಹೊಸದಾಗಿ ಬರೆದಿದ್ದೇನೆ. ಗೊರಕೆ ಇದೆ, ಸಾಸೇಜ್ ಇದೆ, ನಿನ್ನ ವಾಕ್ಯ ಮೊದಲನೆಯ ಸಾಲಿನಲ್ಲಿದೆ.

ಆಮೇಲೆ ಸಂಘಕ್ಕೆ ಹೋದೆ. ರಾಗ ನನ್ನದಲ್ಲ, ಹೆಸರು ಬದಲಾಯಿಸಿ ಎಂದೆ. ಕಿಟಕಿಯ ಹಿಂದಿದ್ದವನು ತಲೆ ಎತ್ತದೆ, "ಅವರು ಸದಸ್ಯರಾ?" ಎಂದ. "ಅಲ್ಲ, ಪರೀಕ್ಷೆಯಲ್ಲಿ ಫೇಲು ಮಾಡಿದ್ರಲ್ಲ ನೀವು!" ಎಂದೆ. "ಆ ಪರೀಕ್ಷೆ ತೆಗೆದು ಎಷ್ಟೋ ಕಾಲ ಆಯ್ತು ಮಸ್ಯೂ. ಈಗ ಈ ಫಾರಂ ತುಂಬಿ, ಒಂದು ರಾಗ ಬರೆದು ಲಗತ್ತಿಸಿದ್ರೆ ಸಾಕು." ಒಂದು ಫಾರಂ! ನಾಲ್ಕು ಪುಟ! ಕೂಗಾಡಿದೆ. ನನ್ನ ಕೂಗಾಟ ತಾಳಲಾರದೆ ಹಳೆಯ ಕಡತಗಳ ಉಸ್ತುವಾರಿ ಹೆಂಗಸನ್ನು ಕರೆದರು. ಆಕೆ ಎರಡು ದಿನ ಹುಡುಕಿ ನಿನ್ನ ಹಾಳೆ ತೆಗೆದಳು. ನಕಲು ಈ ಲಕೋಟೆಯಲ್ಲಿದೆ. ಮೇಲೆ ೪೧ ಎಂದಿದೆ, ಅಂಚಿನಲ್ಲಿ ಕೆಂಪು ಶಾಯಿಯಲ್ಲಿ ‘ನಕಲು. ಅದೂ ಕೊನೆಯಲ್ಲಿ ತಪ್ಪು’ ಎಂದಿದೆ.

ಕೊನೆಯ ನಾಲ್ಕು ಆವರ್ತವನ್ನು ಒಂದು ಬೆರಳಲ್ಲಿ ನುಡಿಸಿ ನೋಡಿದೆ. ನಾನು ಹಾಡಿದ ಹಾಗಿಲ್ಲ. ಯಾವುದು ತಪ್ಪು, ನಿನ್ನದೋ ನನ್ನದೋ?

ಫಾರಂ ಕಳಿಸುತ್ತಿದ್ದೇನೆ. ನಿನ್ನ ಸಹಿ ಇಲ್ಲದೆ ಏನೂ ಆಗುವುದಿಲ್ಲವಂತೆ. ಮಾರ್ಚ್ ಹದಿನಾಲ್ಕಕ್ಕೆ ಪುಸ್ತಕದ ಬಿಡುಗಡೆ, ತಾರೀಕನ್ನು ಸಬಿನ್ ಇಟ್ಟಳು. ಚಿಕ್ಕ ಸಭಾಂಗಣ, ಒಳ್ಳೆಯ ಪಿಯಾನೊ ಇದೆ. ಗಂಟಲು ಹೋದವನ ಪಕ್ಕದಲ್ಲಿ ಇನ್ನೊಮ್ಮೆ ಕೂರುತ್ತೀಯಾ? ಕೇಳುವ ಯೋಗ್ಯತೆ ನನಗಿಲ್ಲ ಎಂದು ಗೊತ್ತಿದ್ದೇ ಕೇಳುತ್ತಿದ್ದೇನೆ.

ಗಾಸ್ಪಾರ್


ಫಿಜಾಕ್, ೨ ಫೆಬ್ರವರಿ ೧೯೯೬

ಗಾಸ್ಪಾರ್,

ತಪ್ಪು ನಿನ್ನದು. ಸಾಸೇಜಿನ ಕಾಗದದಿಂದ ಇಳಿಸಿಕೊಳ್ಳುವಾಗ ಕೊನೆಯ ಸಾಲಿನ ಮೇಲೆ ಜಿಡ್ಡಿತ್ತೋ, ನಿನಗೆ ಅವಸರವಿತ್ತೋ, ರಾಗವನ್ನು ಕೆಳಗಿಳಿಸಿ ಮುಗಿಸಿಬಿಟ್ಟೆ. ನನ್ನದು ಇಳಿಯುವುದಿಲ್ಲ, ಮೇಲೆಯೇ ನಿಲ್ಲುತ್ತದೆ. ಉಪ್ಪು ತರಲು ಹೋದವಳು ಇನ್ನೂ ಬಂದಿಲ್ಲವಲ್ಲ! ನೀನು ಪ್ರತಿ ಸಲವೂ ಅವಳನ್ನು ಮನೆಗೆ ಕರೆತಂದು ಕುರ್ಚಿಯಲ್ಲಿ ಕೂರಿಸಿದೆ. ಇಪ್ಪತ್ತೆರಡು ವರ್ಷ ನಾನು ಹಲ್ಲು ಕಚ್ಚಿಕೊಂಡು ನಿನ್ನ ಹಿಂದೆ ಇಳಿದೆ.

ಹಾಳೆ ನೋಡಿದೆ. ಇಪ್ಪತ್ತು ವರ್ಷದ ಹುಡುಗಿಯ ಅಕ್ಷರ, ಎಷ್ಟು ದುಂಡಗಿದೆ. ನಿನ್ನೆ ಮಧ್ಯಾಹ್ನ ಪಾಠವಿರಲಿಲ್ಲ. ಅದನ್ನು ಪಿಯಾನೊದ ಮೇಲಿಟ್ಟು ಮೊದಲಿನಿಂದ ಕೊನೆಯವರೆಗೆ ನುಡಿಸಿದೆ, ಜೋರಾಗಿ, ಕಿಟಕಿ ತೆರೆದು. ಆಮೇಲೆ ಅತ್ತೆ. ನಿನಗೆ ಇದನ್ನು ಹೇಳಬಾರದೆಂದಿದ್ದೆ.

ಬರುತ್ತೇನೆ. ನಿನ್ನನ್ನು ಕ್ಷಮಿಸಿ ಬರುತ್ತಿದ್ದೇನೆ ಎಂದು ತಿಳಿಯಬೇಡ, ಆ ವಿಷಯ ಇನ್ನೂ ತೀರ್ಮಾನವಾಗಿಲ್ಲ. ಪಿಯಾನೊ ಶ್ರುತಿ ಮಾಡಿಸಿರಬೇಕು, ನೀನೇ ನಿಂತು ಮಾಡಿಸು. ಕೊನೆಯ ನಾಲ್ಕು ಆವರ್ತ ನಾನೊಬ್ಬಳೇ ನುಡಿಸುತ್ತೇನೆ. ಆಗ ನೀನು ಹಾಡಬಾರದು, ಕೈ ಆಡಿಸಬಾರದು, ಜನರಿಗೆ ಏನನ್ನೂ ವಿವರಿಸಬಾರದು. ಬಾಯಿ ಮುಚ್ಚಿಕೊಂಡು ನಿಂತಿರು. ಕಷ್ಟ ಎಂದು ಗೊತ್ತು.

ಫಾರಂ ತುಂಬಿ ಇದರ ಜೊತೆಗೇ ಇಟ್ಟಿದ್ದೇನೆ. ಲಗತ್ತಿಸಬೇಕಾದ ರಾಗವನ್ನು ಆ ಹಳೆಯ ಹಾಳೆ ನೋಡಿಯೇ ಇಳಿಸಿದ್ದೇನೆ. ಎರಡನೆಯ ಪುಟದಲ್ಲಿ, ಹಿಂದೆ ಎಂದಾದರೂ ಸದಸ್ಯತ್ವಕ್ಕೆ ಪ್ರಯತ್ನಿಸಿದ್ದೀರಾ, ತಿರಸ್ಕೃತವಾಗಿದ್ದರೆ ಕಾರಣ ತಿಳಿಸಿ ಎಂದು ಕೇಳಿದ್ದಾರೆ. ‘ಹೌದು, ೧೪ ಮಾರ್ಚ್ ೧೯೫೯. ನನ್ನದೇ ರಾಗ ಕದ್ದಿದ್ದಕ್ಕೆ’ ಎಂದು ಬರೆದೆ. ಚಿಕ್ಕ ಖಾನೆ, ಆದರೂ ಹಿಡಿಸಿತು.

ಲುಸೆಟ್ ಕೊಂಬರೆಲ್